ಆಸ್ಟ್ರೇಲಿಯಾದ ಒಳನಾಡಿನ ಹಾಡುಗಳು: ಟೆಡ್ ಈಗನ್ ಅವರಿಂದ ಶುರು ಮಾಡಿ

ಆಸ್ಟ್ರೇಲಿಯಾದ ಒಳನಾಡಿನ ಬದುಕನ್ನು ಹಾಡುಗಳಲ್ಲಿ ತಿಳಿಯಬೇಕು, ಯಾರಿಂದ ಶುರು ಮಾಡಲಿ ಅಂತ ಕೇಳಿದ್ದೀರಿ. ನನ್ನ ಮಟ್ಟಿಗೆ ಅಲ್ಲಿನ ಹಾಡುಗಾರ ಟೆಡ್ ಈಗನ್. 1932ರಲ್ಲಿ ಮೆಲ್ಬರ್ನ್‌ನಲ್ಲಿ ಹುಟ್ಟಿ, ಚಿಕ್ಕ ವಯಸ್ಸಲ್ಲೇ ದೇಶದ ಉತ್ತರದಲ್ಲಿರುವ ನಾರ್ದರ್ನ್ ಟೆರಿಟರಿ ಎಂಬ ಪ್ರಾಂತ್ಯಕ್ಕೆ ಹೋದವರು. ಮುಂದೆ 2003ರಲ್ಲಿ ಅದೇ ಪ್ರಾಂತ್ಯದ ಆಡಳಿತಾಧಿಕಾರಿಯೂ ಆದರು.

ಅವರ ವಾದ್ಯ ಏನು ಗೊತ್ತಾ? ಬಿಯರ್ ಬಾಟಲಿ ತುಂಬುವ ಖಾಲಿ ರಟ್ಟಿನ ಪೆಟ್ಟಿಗೆ! ಅದನ್ನು ಬೆರಳಲ್ಲಿ ತಟ್ಟುತ್ತಾ ಹಾಡೋದು, ನಡುನಡುವೆ ಕಥೆ ಹೇಳೋದು. ನಮ್ಮ ಕಡೆ ತಂಬೂರಿ ಮೀಟುತ್ತಾ ಕಥೆ ಹೇಳುವವರನ್ನು ಕೇಳಿದ್ದರೆ ಈ ರೀತಿ ನಿಮಗೆ ಹೊಸದು ಅನ್ನಿಸಲ್ಲ.

1966ರಲ್ಲಿ ಅದೇ ಪ್ರಾಂತ್ಯದ ಮೂಲನಿವಾಸಿಗಳಾದ ಗುರಿಂಜಿ ಜನ ವೇವ್ ಹಿಲ್ ಎಂಬ ದನಗಳ ಎಸ್ಟೇಟಿನಲ್ಲಿ ಕೆಲಸ ಬಿಟ್ಟು ಹೊರನಡೆದರು. ತಮ್ಮ ನೆಲ ತಮಗೆ ಬೇಕು ಅಂತ ಹಟ ಹಿಡಿದರು. ಅದರ ಮೇಲೆ ಈಗನ್ ಕಟ್ಟಿದ ಹಾಡನ್ನೇ ಮೊದಲು ಕೇಳಿ. ಗುರಿಂಜಿಗಳ ಮುಂದಾಳು ವಿನ್ಸೆಂಟ್ ಲಿಂಗಿಯಾರಿ ಅವರ ಸ್ವಂತ ದನಿ ಆ ಧ್ವನಿಮುದ್ರಣದಲ್ಲಿದೆ. ನನಗಂತೂ ಪ್ರತಿ ಸಲ ಮೈ ಜುಮ್ಮೆನ್ನುತ್ತದೆ.