ಶುಗರ್ ಇರುವ ಅಮ್ಮನಿಗೆ ತಪ್ತಕುಂಡದ ಸ್ನಾನ ಮಾಡಿಸಬಹುದಾ?

ಅಮ್ಮನಿಗೆ ಮಂಡಿನೋವು, ಹನ್ನೆರಡು ವರ್ಷದಿಂದ ಶುಗರ್, ಬದರಿಯ ಬಿಸಿನೀರ ಬುಗ್ಗೆ ತಪ್ತಕುಂಡದಲ್ಲಿ ಕೂರಿಸಿದರೆ ನೋವು ಹೋಗುತ್ತಾ ಅಂತ ಕೇಳಿದ್ದೀರಿ. ಓದಿದ ತಕ್ಷಣ ನಮ್ಮಪ್ಪನ ಎಡಗಾಲು ಕಣ್ಣ ಮುಂದೆ ಬಂತು.

ನಮ್ಮದು ಸಕಲೇಶಪುರದ ಹತ್ತಿರ. ಅಪ್ಪ ಕಾಫಿ ತೋಟದ ಏರು ಹತ್ತಿ ಇಳಿದೇ ಮಂಡಿ ಸವೆಸಿಕೊಂಡವರು, ಅವರಿಗೂ ಶುಗರ್. ಅವರನ್ನು ಬದರಿಗೆ ಕರೆದುಕೊಂಡು ಹೋಗಿದ್ದೆ. ಬದರಿ ಸುಮಾರು 3,100 ಮೀಟರ್ ಎತ್ತರ. ಬೆಳಗಿನ ಜಾವದ ಚಳಿಗೆ ಬೆರಳು ಮರಗಟ್ಟಿತ್ತು. ಕುಂಡದಲ್ಲಿ ಹಬೆ, ಪಕ್ಕದಲ್ಲೇ ಅಲಕನಂದಾ. "ಅಪ್ಪ, ಬಿಸಿ ಜಾಸ್ತಿ ಇದೆಯಾ?" ಅಂದೆ. ಕಾಲು ಇಳಿಬಿಟ್ಟು, "ಏನಿಲ್ಲ ಕಣೋ, ಹದವಾಗಿದೆ" ಅಂದರು.

ಅಲ್ಲೇ ನಾನು ತಪ್ಪಿದ್ದು. ನೀರು ನಾನೇ ಮುಟ್ಟಿ ನೋಡಬೇಕಿತ್ತು, ಅವರನ್ನು ಕೇಳಿದೆ. ಶುಗರ್ ಬಹಳ ವರ್ಷ ಇದ್ದರೆ ಪಾದದ ನರ ಸೋತಿರಬಹುದು, ಸುಟ್ಟರೂ ಗೊತ್ತಾಗುವುದಿಲ್ಲ. ಮನೆಯಲ್ಲಿ ಚಪ್ಪಲಿ ಜಾರಿ ಹೋದರೂ ಅಪ್ಪ ಹಾಗೇ ನಡೆಯುತ್ತಿದ್ದರು. ಅದನ್ನು ದಿನಾ ನೋಡಿಯೂ ನನಗೆ ಹೊಳೆಯಲಿಲ್ಲ. ಮಗುವಿಗೆ ನೀರು ಹಾಕುವ ಮುಂಚೆ ಅಜ್ಜಿ ಮೊಣಕೈ ಅದ್ದಿ ನೋಡುತ್ತಿದ್ದರಲ್ಲ, ಅಷ್ಟು ಮಾಡಿದ್ದರೆ ಸಾಕಿತ್ತು. ಇಪ್ಪತ್ತು ನಿಮಿಷ ಕೂತರು. ರಾತ್ರಿ ಕಾಲುಚೀಲ ತೆಗೆದರೆ ಹಿಮ್ಮಡಿ ಪಕ್ಕ ನಿಂಬೆಹಣ್ಣಿನಷ್ಟು ದೊಡ್ಡ ಗುಳ್ಳೆ. ಆಗಲೂ ನೋವಿಲ್ಲ ಅಂದರು. ಊರಿಗೆ ಬಂದಮೇಲೆ ಎರಡೂವರೆ ತಿಂಗಳು ಡ್ರೆಸ್ಸಿಂಗ್.

ನೋವು ಹೋಗುತ್ತದೆ ಅನ್ನುವುದನ್ನೇ ನಾನು ಒಪ್ಪುವುದಿಲ್ಲ. ಬಿಸಿಗೆ ಸ್ನಾಯು ಸಡಿಲವಾಗುತ್ತದೆ, ನೀರು ಮೈಭಾರ ಹೊರುತ್ತದೆ, ಸ್ವಲ್ಪ ಹೊತ್ತು ಹಾಯೆನಿಸುತ್ತದೆ. ಸವೆದ ಕೀಲು ವಾಪಸ್ ಬರುವುದಿಲ್ಲ. ಆ ಹಾಯಿಗೆ ನಮ್ಮ ಬಚ್ಚಲಮನೆಯ ಹಂಡೆ ನೀರು ಸಾಕು. ಬುಗ್ಗೆಯನ್ನೇ ನೋಡಬೇಕೆಂದರೆ ಶಿರಾಡಿ ಘಾಟಿ ಇಳಿದು ಪುತ್ತೂರಿನ ಕಡೆ ಬೆಂದ್ರುತೀರ್ಥವಿದೆ, ಅಲ್ಲಿ ಬಿಸಿ ಇಷ್ಟು ಜೋರಿಲ್ಲ.

ಬದರಿಗೆ ದರ್ಶನಕ್ಕೆ ಖಂಡಿತ ಕರೆದುಕೊಂಡು ಹೋಗಿ. ಕುಂಡದೊಳಗೆ ಮಾತ್ರ ಇಳಿಸಬೇಡಿ. ನೀರು ಚೊಂಬಿನಲ್ಲಿ ತೆಗೆದು, ಆರಿಸಿ, ನೀವೇ ಮೊಣಕೈಯಲ್ಲಿ ನೋಡಿ ಮೈಮೇಲೆ ಹಾಕಿ. ಬಿಪಿ ಮಾತ್ರೆ ತೆಗೆದುಕೊಳ್ಳುತ್ತಿದ್ದರೆ ಕೂತಲ್ಲಿಂದ ದಡಕ್ಕನೆ ಏಳಲು ಬಿಡಬೇಡಿ, ಬಿಸಿಗೆ ಬಿಪಿ ಇಳಿದು ತಲೆ ಸುತ್ತುತ್ತದೆ. ಯಾವ ಬುಗ್ಗೆಯಲ್ಲೂ ತಲೆ ಮುಳುಗಿಸಬೇಡಿ, ಮೂಗಿಗೆ ನೀರು ಹೋಗಬಾರದು.

ಹೊರಡುವ ಮುಂಚೆ ಒಂದು ಕೆಲಸ ಮಾಡಿ. ಅಮ್ಮನಿಗೆ ಕಣ್ಣು ಮುಚ್ಚಲು ಹೇಳಿ ಪಾದದ ಬೆರಳು ಒಂದೊಂದಾಗಿ ಮೆಲ್ಲಗೆ ಮುಟ್ಟಿ, ಮುಟ್ಟಿದ್ದು ಗೊತ್ತಾದ ತಕ್ಷಣ ಎಡಗಾಲೋ ಬಲಗಾಲೋ ಹೇಳಲು ಹೇಳಿ. ಮುಟ್ಟಿದ್ದು ಗೊತ್ತಾಗದಿದ್ದರೆ ಟಿಕೆಟ್ ಬುಕ್ ಮಾಡುವ ಮೊದಲು ಡಾಕ್ಟರಿಗೆ ತೋರಿಸಿ.