ಸಂಪಾದಕರ ಉತ್ತರ: ಭಾನು ಕುಂಚ ಕೆಳಗಿಟ್ಟರೇ?

ಬಸವನಗುಡಿಯ ಓದುಗರೊಬ್ಬರು ಬರೆದಿದ್ದಾರೆ: ‘ಹೋದ ಸಂಚಿಕೆಯಲ್ಲಿ ಭಾನು ಅಥೈಯಾ ಅವರನ್ನು “ಆಸ್ಕರ್ ಗೆದ್ದ ವಸ್ತ್ರವಿನ್ಯಾಸಕಿ” ಅಂತ ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ಅವರು ಪೇಂಟರ್ ಅಲ್ವಾ? ಸಿನಿಮಾ ಒಬ್ಬ ಒಳ್ಳೆಯ ಕಲಾವಿದೆಯನ್ನು ನುಂಗಿಬಿಟ್ಟಿತು. ಚಿತ್ರಕಲೆ ಓದುತ್ತಿರುವ ನನ್ನ ಮಗಳೂ ಈಗ ಬಟ್ಟೆ ಡಿಸೈನ್ ಅಂತಿದ್ದಾಳೆ, ನನಗೆ ಭಯ.’

ಮೊದಲ ಮಾತು ಒಪ್ಪಿದೆ ಮೇಡಂ. ತಪ್ಪು ನಮ್ಮದೇ. ಜಾಗ ಸಾಲಲಿಲ್ಲ ಅನ್ನುವುದು ಸಂಪಾದಕರ ಹಳೇ ನೆಪ.

ಭಾನು ಹುಟ್ಟಿದ್ದು 1929ರಲ್ಲಿ, ಕೊಲ್ಹಾಪುರದಲ್ಲಿ. ತಂದೆ ಅಣ್ಣಾಸಾಹೇಬ್ ರಾಜೋಪಾಧ್ಯೆಯೂ ಚಿತ್ರಕಾರರೇ. ಮಗಳು ಚಿಕ್ಕವಳಿದ್ದಾಗಲೇ ತೀರಿಕೊಂಡರು. ಭಾನು ಬೊಂಬಾಯಿಯ ಜೆ.ಜೆ. ಸ್ಕೂಲ್ ಆಫ್ ಆರ್ಟ್‌ನಲ್ಲಿ ಓದಿ ಪದಕ ಗೆದ್ದರು. 1953ರಲ್ಲಿ ಪ್ರೋಗ್ರೆಸಿವ್ ಆರ್ಟಿಸ್ಟ್ಸ್ ಗ್ರೂಪ್‌ನ ಪ್ರದರ್ಶನದಲ್ಲಿ ಇವರ ಚಿತ್ರಗಳಿದ್ದವು. ಚಿತ್ರಕಾರರಾದ ಸೂಜಾ, ರಜಾ, ಹುಸೇನ್ ಮುಂತಾದವರು ಕಟ್ಟಿದ ಗುಂಪು ಅದು. ಅಲ್ಲಿ ಹೆಣ್ಣುಮಗಳು ಇವರೊಬ್ಬರೇ. ಆಮೇಲೆ ಪತ್ರಿಕೆಗೆ ಫ್ಯಾಷನ್ ಚಿತ್ರ ಬರೆದರು, 1956ರ ‘ಸಿ.ಐ.ಡಿ.’ಯಿಂದ ಸಿನಿಮಾ.

ನುಂಗಿತು ಅನ್ನುವುದಕ್ಕೆ ಮಾತ್ರ ನನ್ನ ತಕರಾರಿದೆ. ಬುದ್ಧನ ಕಾಲದ ಕಥೆಯಿರುವ 1966ರ ಸಿನಿಮಾ ‘ಆಮ್ರಪಾಲಿ’ಯಲ್ಲಿ ವೈಜಯಂತಿಮಾಲಾಗೆ ಉಡುಪು ಮಾಡಬೇಕಾದಾಗ ಭಾನು ಹೋಗಿದ್ದು ಅಜಂತಾ ಗುಹೆಗೆ. ಗೋಡೆಯ ಮೇಲಿನ ಹೆಂಗಸರು ಏನು ಉಟ್ಟಿದ್ದಾರೆ, ಹೇಗೆ ಕಟ್ಟಿದ್ದಾರೆ ಅಂತ ನೋಡಿ ಬಂದರು. ಇದು ಪೇಂಟರ್ ಕಣ್ಣಲ್ಲದೆ ಇನ್ನೇನು?

1968ರ ‘ಬ್ರಹ್ಮಚಾರಿ’ಯಲ್ಲಿ ಮುಮ್ತಾಜ್ ಉಟ್ಟ ಕಿತ್ತಳೆ ಸೀರೆ ನೆನಪಿದೆಯಾ? ಕುಣಿಯುವಾಗ ಜಾರಬಾರದು, ಆದರೆ ಮೈಗೆ ಬಿಗಿಯಾಗಿ ಸುತ್ತಿದ ಹಾಗೆ ಕಾಣಬೇಕು. ಭಾನು ಸುತ್ತುಗಳನ್ನು ಮೊದಲೇ ಹೊಲಿಸಿ ಜಿಪ್ ಇಡಿಸಿದರು. ತೊಟ್ಟು ಜಿಪ್ ಎಳೆದರೆ ಸೀರೆ ಉಟ್ಟಾಯಿತು. ಈಗ ನಮ್ಮ ಬೆಂಗಳೂರಿನ ಗಲ್ಲಿಗಲ್ಲಿಯಲ್ಲೂ ‘ಸಾರಿ ಪ್ರೀ ಪ್ಲೀಟಿಂಗ್’ ಬೋರ್ಡು. ಹೋದ ವರ್ಷ ಅಕ್ಕನ ಮಗಳ ಆರತಕ್ಷತೆಗೆ ರೆಡಿ ಸೀರೆ ಹೊಲಿಸಲು ಮಲ್ಲೇಶ್ವರದ ಟೈಲರ್ ಹತ್ತಿರ ಹೋಗಿದ್ದೆ. ಅಳತೆ ಟೇಪು ಕೊರಳಿಗೆ ಹಾಕಿಕೊಂಡೇ ಆತ ಕೇಳಿದ, ‘ಮುಮ್ತಾಜ್ ತರಾನಾ ಸಾರ್?’ ಭಾನು ಹೆಸರು ಅವನಿಗೆ ಗೊತ್ತಿರಲಿಲ್ಲ.

‘ಗಾಂಧಿ’ ಸಿನಿಮಾಕ್ಕೆ ಬಂದ ಪ್ರಶಸ್ತಿಯ ಕಥೆ ಎಲ್ಲರಿಗೂ ಗೊತ್ತು. 1983ರಲ್ಲಿ ಆ ಸಿನಿಮಾದ ಇನ್ನೊಬ್ಬ ವಸ್ತ್ರವಿನ್ಯಾಸಕ ಜಾನ್ ಮೊಲ್ಲೊ ಜೊತೆ ಹಂಚಿಕೊಂಡ ಆಸ್ಕರ್, ಭಾರತೀಯರಿಗೆ ಅದೇ ಮೊದಲನೆಯದು. ನನಗೆ ಇಷ್ಟವಾಗುವುದು 2012ರ ಸಂಗತಿ. ಮನೆಯಲ್ಲಿಟ್ಟರೆ ಏನಾಗುತ್ತೋ ಅಂತ ಆ ಪ್ರತಿಮೆಯನ್ನು ಆಸ್ಕರ್ ಕೊಡುವ ಅಕಾಡೆಮಿಗೇ ವಾಪಸ್ ಕೊಟ್ಟರು. 2020ರ ಅಕ್ಟೋಬರ್‌ನಲ್ಲಿ ಭಾನು ತೀರಿಕೊಂಡರು. ಅದೇ ಡಿಸೆಂಬರ್‌ನಲ್ಲಿ ಅವರ ಹಳೆಯ ಪೇಂಟಿಂಗ್‌ಗಳು ಹರಾಜಿಗೆ ಬಂದವು. ಇಷ್ಟು ವರ್ಷ ಅವು ಉಳಿದುಕೊಂಡೇ ಇದ್ದವು, ನೋಡಿ.

ನಿಮ್ಮ ಮಗಳಿಗೆ ಬುದ್ಧಿ ಹೇಳುವಷ್ಟು ದೊಡ್ಡವನು ನಾನಲ್ಲ. ಒಂದು ಭಾನುವಾರ ತಾಯಿ ಮಗಳು ಇಬ್ಬರೂ ಕೂತು ‘ಆಮ್ರಪಾಲಿ’ ನೋಡಿ. ಪಕ್ಕದಲ್ಲಿ ಅಜಂತಾ ಚಿತ್ರಗಳ ಪುಸ್ತಕ ಬಿಚ್ಚಿಟ್ಟುಕೊಳ್ಳಿ.