ಬ್ರಿಟನ್ನಿನ ಮೂಕಿ ಹಾಸ್ಯಚಿತ್ರಗಳು: ಯಾವುದನ್ನು, ಯಾವ ವೇಗದಲ್ಲಿ ತೋರಿಸುವುದು?

ಮಕ್ಕಳಿಗೆ ತೋರಿಸಲು ಬ್ರಿಟನ್ನಿನ ಯಾವ ಮೂಕಿ ಹಾಸ್ಯಚಿತ್ರಗಳು ತಕ್ಕವು, ಅವುಗಳಲ್ಲಿ ಜನರೆಲ್ಲ ದಡಬಡಿಸಿ ಓಡುವಂತೆ ಕಾಣುವುದೇಕೆ ಎಂದು ತಾವು ಕೇಳಿದ್ದೀರಿ. ಎರಡನೆಯ ಪ್ರಶ್ನೆಗೆ ಮೊದಲು ಉತ್ತರಿಸುತ್ತೇನೆ. ವೇಗ ತಪ್ಪಿದರೆ ಎಂಥ ಒಳ್ಳೆಯ ಚಿತ್ರವೂ ನಗಿಸುವುದಿಲ್ಲ.

ಆಗ ಕ್ಯಾಮೆರಾವನ್ನು ಕೈಯಿಂದಲೇ ತಿರುಗಿಸುತ್ತಿದ್ದುದರಿಂದ ಸೆಕೆಂಡಿಗೆ ಸುಮಾರು 16 ಫ್ರೇಮುಗಳು, ಅಂದರೆ ಬಿಡಿ ಚಿತ್ರಗಳು, ಮೂಡುತ್ತಿದ್ದವು. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ ಇರುವುದೂ 16 ಫ್ರೇಮುಗಳೇ. ಹೀಗಾಗಿ 240 ಅಡಿಯ ಚಿತ್ರ 4 ನಿಮಿಷ ನಡೆಯಬೇಕು. ಅದನ್ನೇ ಟಾಕಿಗಳ 24 ಫ್ರೇಮುಗಳ ವೇಗದಲ್ಲಿ ಓಡಿಸಿದರೆ 2 ನಿಮಿಷ 40 ಸೆಕೆಂಡಿಗೆ ಮುಗಿದುಹೋಗುತ್ತದೆ. ತಮ್ಮ ಪ್ರತಿ ಹಾಗಿದ್ದರೆ ಪ್ಲೇಯರಿನ ವೇಗವನ್ನು 0.67ಕ್ಕೆ ಇಳಿಸಿ. ಆದರೆ ಹಳೆಯ ಚಿತ್ರಗಳನ್ನು ಕಾಪಾಡುವ ಆರ್ಕೈವ್‌ಗಳು ಸರಿಪಡಿಸಿದ ಪ್ರತಿಗಳಲ್ಲಿ ಸಾಮಾನ್ಯವಾಗಿ ಈ ಕೆಲಸ ಮೊದಲೇ ಆಗಿರುತ್ತದೆ. ಆದ್ದರಿಂದ ಹಾಸ್ಯನಟನನ್ನು ಬಿಟ್ಟು, ಹಿನ್ನೆಲೆಯಲ್ಲಿ ಸುಮ್ಮನೆ ಸಾಗುವ ದಾರಿಹೋಕರ ನಡಿಗೆಯನ್ನು ನೋಡಿ ನಿರ್ಧರಿಸಿ.

ಆಯ್ಕೆಯಲ್ಲಿ ನನ್ನ ಮೊದಲ ಮತ ಇಂಗ್ಲೆಂಡಿನ ಕಡಲತೀರದ ಊರು ಹೋವ್‌ನ ನಿರ್ದೇಶಕ ಜಾರ್ಜ್ ಆಲ್ಬರ್ಟ್ ಸ್ಮಿತ್ 1903ರಲ್ಲಿ ಮಾಡಿದ 'ಮೇರಿ ಜೇನ್ಸ್ ಮಿಸ್‌ಹ್ಯಾಪ್'ಗೆ. ಅವರ ಪತ್ನಿ ಲಾರಾ ಬೇಲಿ ಇದರಲ್ಲಿ ಮನೆಗೆಲಸದವಳು. ಒಲೆಗೆ ಸೀಮೆಎಣ್ಣೆ ಸುರಿದು ಚಿಮಣಿಯಿಂದ ಮೇಲಕ್ಕೆ ಸಿಡಿಯುವ ಈಕೆ, ಕೊನೆಗೆ ಸಮಾಧಿಯಿಂದ ದೆವ್ವವಾಗಿ ಎದ್ದು ಬಂದು ತನ್ನ ಸೀಮೆಎಣ್ಣೆ ಡಬ್ಬವನ್ನು ಹುಡುಕುತ್ತಾಳೆ. ಅದಕ್ಕೂ ಮುನ್ನ ಮೂತಿಗೆ ಮಸಿ ಬಳಿದುಕೊಂಡು ನಮ್ಮತ್ತ ನೋಡಿ ಕಣ್ಣು ಹೊಡೆಯುವಾಗ ಸ್ಮಿತ್ ಕ್ಯಾಮೆರಾವನ್ನು ಹತ್ತಿರಕ್ಕೆ ತಂದು, ಮತ್ತೆ ದೂರದ ದೃಶ್ಯಕ್ಕೆ ಮರಳುತ್ತಾರೆ. ಅಷ್ಟು ಹಿಂದೆಯೇ ಇಂಥ ಜೋಡಣೆ ಇಷ್ಟು ಸಲೀಸಾಗಿ ಬಂದಿರುವುದು ಅಚ್ಚರಿಯೇ ಸರಿ. ಗೋರಿಕಲ್ಲಿನ ಇಂಗ್ಲಿಷ್ ಬರಹವನ್ನು ಮಾತ್ರ ತಾವು ಕನ್ನಡದಲ್ಲಿ ಓದಿ ಹೇಳಬೇಕಾಗುತ್ತದೆ.

ಜೇಮ್ಸ್ ವಿಲಿಯಮ್ಸನ್ನರ 'ದಿ ಬಿಗ್ ಸ್ವಾಲೋ' (1901) ನಿಮಿಷದಷ್ಟೇ ಉದ್ದದ್ದು: ಚಿತ್ರ ತೆಗೆಸಿಕೊಳ್ಳಲು ಒಲ್ಲದವನೊಬ್ಬ ಹತ್ತಿರ ಬಂದು ಬಂದು ಕ್ಯಾಮೆರಾ ಸಮೇತ ಛಾಯಾಗ್ರಾಹಕನನ್ನೇ ನುಂಗುತ್ತಾನೆ. ಛಾಯಾಗ್ರಾಹಕ ಕತ್ತಲೆಗೆ ಬೀಳುವುದನ್ನು ತೋರಿಸದೆ ತೆರೆದ ಬಾಯಿಗೇ ನಿಲ್ಲಿಸಿದ್ದರೆ ಇನ್ನೂ ಮೊನಚಾಗಿರುತ್ತಿತ್ತು ಎಂಬುದು ನನ್ನ ತಕರಾರು. ಹೆಪ್‌ವರ್ತ್ ಕಂಪನಿಯ 'ದಟ್ ಫೇಟಲ್ ಸ್ನೀಜ್' (1907) ಮಕ್ಕಳಿಗೆ ಖಂಡಿತ ಹಿಡಿಸುತ್ತದೆ. ಹುಡುಗ ಸೇಡಿಗಾಗಿ ಹಾಕಿದ ಮೆಣಸಿನ ಪುಡಿಯಿಂದ ಮುದುಕನಿಗೆ ಸೀನು ಹತ್ತಿ, ಕೊನೆಗೆ ಬೀದಿಯೇ ತೂಗಾಡುತ್ತದೆ. ಮೂರೂ ಸೇರಿದರೆ ಹನ್ನೆರಡು ನಿಮಿಷ ದಾಟುವುದಿಲ್ಲ.

ಚಾಪ್ಲಿನ್ ಲಂಡನ್ನಿನ ಫ್ರೆಡ್ ಕಾರ್ನೋ ಅವರ ರಂಗ-ಹಾಸ್ಯ ತಂಡದಲ್ಲಿ ಪಳಗಿದವರಾದರೂ 1913ರ ಕೊನೆಯಲ್ಲಿ ಸೇರಿದ್ದು ಅಮೆರಿಕದ ಕೀಸ್ಟೋನ್ ಕಂಪನಿಯನ್ನು. ಆ ಚಿತ್ರಗಳನ್ನು ಬೇರೆ ದಿನಕ್ಕೆ ಇಟ್ಟುಕೊಳ್ಳಿ.